ಘಟ್ಟಕ್ಕೆ ಹೋದರೆ ಉಮ್ಮನೂ ಗಾಡಿಯಿಂದ ಇಳಿಯಲಿ

ದಸರಾ ರಜೆ ಹತ್ತಿರ ಬಂತೆಂದರೆ ನಮ್ಮ ಮನೆಗಳಲ್ಲಿ ಒಂದೇ ಮಾತು: "ಎಲ್ಲಿಗಾದರೂ ಹೋಗುವಾ." ಗಲ್ಫಿನಿಂದ ರಜೆಯಲ್ಲಿ ಬಂದ ಉಪ್ಪ ಮನೆಯಲ್ಲಿದ್ದರೆ ಮಕ್ಕಳ ಹಠ ಇನ್ನೂ ಜೋರು. ಮೂವತ್ತು ದಿನದ ರಜೆಯಲ್ಲಿ ಮದುವೆ, ಮನೆಒಕ್ಕಲು, ಬ್ಯಾಂಕು, ಆಸ್ಪತ್ರೆ ಎಂದು ಇಪ್ಪತ್ತೈದು ದಿನ ಕಳೆದುಹೋಗಿರುತ್ತದೆ. ಉಳಿದ ಮೂರೋ ನಾಲ್ಕೋ ದಿನದಲ್ಲಿ ಘಟ್ಟ ಹತ್ತಿ ಬರುವಾ ಎಂದು ತೀರ್ಮಾನವಾಗುತ್ತದೆ. ನಮ್ಮ ಕರಾವಳಿಯವರಿಗೆ ಘಟ್ಟ ಎಂದರೆ ಹೆಚ್ಚಾಗಿ ಮಡಿಕೇರಿ ಇಲ್ಲವೇ ಚಿಕ್ಕಮಗಳೂರು. ಈ ಸಲ ಚಿಕ್ಕಮಗಳೂರಿನ ಮಾತಾಡುವಾ.

ಹೊರಡುವ ಹಿಂದಿನ ರಾತ್ರಿ ತಯಾರಾಗುವ ಪಟ್ಟಿ ನೋಡಿದ್ದೀರಾ? ಮುಳ್ಳಯ್ಯನಗಿರಿ, ಬಾಬಾಬುಡನ್‌ಗಿರಿ, ಝರಿ ಫಾಲ್ಸ್, ಕೆಮ್ಮಣ್ಣುಗುಂಡಿ, ಹೆಬ್ಬೆ, ಕಲ್ಲತ್ತಿಗಿರಿ, ಮುತ್ತೋಡಿ, "ಹೇಗೂ ಅಲ್ಲಿವರೆಗೆ ಹೋಗ್ತೇವಲ್ಲ" ಎಂದು ಬೇಲೂರು ಕೂಡಾ. ಎರಡು ದಿನಕ್ಕೆ ಎಂಟು ಜಾಗ. ಹಾಗೆ ಹೋದ ಮೇಲೆ ಆಗುವುದೂ ಎಲ್ಲರಿಗೂ ಗೊತ್ತಿರುವುದೇ. ಮಕ್ಕಳಲ್ಲಿ ಒಬ್ಬ ನಿದ್ದೆ, ಇನ್ನೊಬ್ಬ ವಾಂತಿ. ಉಪ್ಪ ಸ್ಟಿಯರಿಂಗ್ ಬಿಟ್ಟು ಏಳುವುದಿಲ್ಲ. ಪ್ರತಿ ಜಾಗದಲ್ಲೂ ಗಾಡಿ ನಿಂತ ಕೂಡಲೇ ಹಿಂದಿನ ಸೀಟಿನಿಂದ ಅದೇ ಸ್ವರ: "ನೀವೆಲ್ಲ ಹೋಗಿ ಬನ್ನಿ, ನಾನು ಗಾಡಿಯಲ್ಲೇ ಕೂರ್ತೇನೆ."

ಆ ಸ್ವರ ಉಮ್ಮನದ್ದು, ಇಲ್ಲವಾದರೆ ಉಮ್ಮುಮ್ಮನದ್ದು. "ಅವರಿಗೆ ಇದೆಲ್ಲ ಇಷ್ಟ ಇಲ್ಲ" ಎಂದು ನಾವು ಸುಲಭವಾಗಿ ಹೇಳಿಬಿಡುತ್ತೇವೆ. ಸ್ವಲ್ಪ ಕೂತು ಕೇಳಿದರೆ ಕಾರಣಗಳು ಬೇರೆಯೇ. ಮುಂಜಾನೆ ಮೂರಕ್ಕೆ ಎದ್ದು ಬಿರಿಯಾನಿ ದಮ್‌ಗಿಟ್ಟವರಿಗೆ ಹತ್ತು ಗಂಟೆಗೆ ಮೆಟ್ಟಿಲು ಹತ್ತುವ ಜೀವ ಎಲ್ಲಿ ಉಂಟು? ದಾರಿಯಲ್ಲಿ ಶೌಚಾಲಯ ಸಿಗುತ್ತದೋ ಇಲ್ಲವೋ ಎಂಬ ಹೆದರಿಕೆಗೆ ಬೆಳಿಗ್ಗೆಯಿಂದ ನೀರೇ ಕುಡಿದಿರುವುದಿಲ್ಲ, ತಲೆ ಸಿಡಿಯುತ್ತಿರುತ್ತದೆ. ಕಾಲಿಗೆ ಮದುವೆಗೆ ತೆಗೆದ ಚಪ್ಪಲಿ. ಮಡಿಲಲ್ಲಿ ಮಲಗಿದ ಚಿಕ್ಕ ಮಗು. ಇಷ್ಟೆಲ್ಲ ಇಟ್ಟುಕೊಂಡು "ನೀವು ಹೋಗಿ" ಎನ್ನದೆ ಇನ್ನೆಂತ ಹೇಳಬೇಕು ಮಾರಾಯ್ರೆ?

ಹಾಗಾಗಿ ಪಟ್ಟಿಯನ್ನು ಕಡಿಮೆ ಮಾಡುವಲ್ಲಿಂದಲೇ ಶುರು ಮಾಡಬೇಕು ಎನ್ನುವುದು ನಮ್ಮ ವಾದ. ಚಿಕ್ಕಮಗಳೂರು ನಕ್ಷೆಯಲ್ಲಿ ಚಿಕ್ಕದಾಗಿ ಕಂಡರೂ ಅಲ್ಲಿನ ದಾರಿ ತಿರುವಿನದ್ದು. ನಮ್ಮ ಹೆದ್ದಾರಿಯಲ್ಲಿ ಮುಕ್ಕಾಲು ಗಂಟೆಯಲ್ಲಿ ಮುಗಿಯುವ 40 ಕಿಲೋಮೀಟರಿಗೆ ಅಲ್ಲಿ ಒಂದೂವರೆ ಗಂಟೆ ಬೇಕು. ಪೇಟೆಯಿಂದ ಕೆಮ್ಮಣ್ಣುಗುಂಡಿ ಒಂದು ದಿಕ್ಕು, ಮುತ್ತೋಡಿಯ ಕಾಡು ಇನ್ನೊಂದು ದಿಕ್ಕು, ಗಿರಿ ಮತ್ತೊಂದು ದಿಕ್ಕು. ಮೂರನ್ನೂ ಒಂದೇ ದಿನದಲ್ಲಿ ಹೊಲಿಯಲು ಹೋದರೆ ಹೊಲಿಗೆ ಮಾತ್ರ ಉಳಿಯುತ್ತದೆ, ಬಟ್ಟೆ ಇರುವುದಿಲ್ಲ. ಒಂದು ಕಡೆ ಬಿಡಾರ ಹೂಡಿ, ದಿನಕ್ಕೊಂದೇ ದಿಕ್ಕು, ಸಂಜೆ ಕತ್ತಲಾಗುವ ಮೊದಲು ಪುನಃ ಅದೇ ಕೋಣೆ. ಬ್ಯಾಗು ದಿನವೂ ಕಟ್ಟಿ ಬಿಚ್ಚುವ ಕೆಲಸವಿಲ್ಲ. ಆ ಕೆಲಸ ಯಾರ ಪಾಲಿಗೆ ಬರುತ್ತದೆ ಎಂದು ಹೇಳಬೇಕಾಗಿಯೂ ಇಲ್ಲ.

ಆಗುವುದಾದರೆ ಗುರುವಾರ ಬೆಳಿಗ್ಗೆ ಹೊರಟು ಭಾನುವಾರ ರಾತ್ರಿ ಮನೆ ಸೇರುವಂತೆ ಇಟ್ಟುಕೊಳ್ಳಿ. ಶನಿವಾರ, ಭಾನುವಾರ ಬೆಂಗಳೂರಿನ ಗಾಡಿಗಳೆಲ್ಲ ಗಿರಿಯ ಇಕ್ಕಟ್ಟು ದಾರಿಯಲ್ಲಿ ಸಾಲು ನಿಲ್ಲುತ್ತವೆ. ಗುರುವಾರ ಹೊರಟವರು ಶುಕ್ರವಾರ ಬೆಳಿಗ್ಗೆಯೇ ಗಿರಿ ಮುಗಿಸಿ ಆ ಗದ್ದಲದಿಂದ ಪಾರಾಗಬಹುದು. ಕೆಲಸದಿಂದ ಅಷ್ಟು ಬಿಡುವು ಸಿಗದವರು ಕೆಳಗೆ ಹೇಳಿದ ಶನಿವಾರದ ಭಾಗವನ್ನು ಕೈಬಿಟ್ಟು ಎರಡು ರಾತ್ರಿಗೆ ಮುಗಿಸಿ.

ಘಟ್ಟವೇ ಮೊದಲ ಜಾಗ

ಮಂಗಳೂರಿನಿಂದ ಬಿ.ಸಿ.ರೋಡ್, ಬೆಳ್ತಂಗಡಿ, ಉಜಿರೆ, ಚಾರ್ಮಾಡಿ, ಕೊಟ್ಟಿಗೆಹಾರ, ಮೂಡಿಗೆರೆ ಆಗಿ ಚಿಕ್ಕಮಗಳೂರಿಗೆ ಸುಮಾರು 150 ಕಿ.ಮೀ. "ನಾಲ್ಕು ಗಂಟೆಯ ದಾರಿ, ಮಧ್ಯಾಹ್ನ ಹೊರಟರೂ ಸಾಕು" ಎನ್ನುವವರಿದ್ದಾರೆ. ಹಾಗೆ ಹೊರಟು ಕತ್ತಲಲ್ಲಿ, ಮಂಜಲ್ಲಿ ಚಾರ್ಮಾಡಿ ಹತ್ತುವುದು ಬೇಡವೇ ಬೇಡ. 2019ರ ಆಗಸ್ಟಿನ ಮಳೆಗೆ ಈ ಘಟ್ಟ ಕುಸಿದು ತಿಂಗಳುಗಟ್ಟಲೆ ಸಂಚಾರ ನಿಂತದ್ದು ನಮಗೆಲ್ಲ ನೆನಪುಂಟು. ಮಳೆ ಜೋರಾದರೆ ಜಿಲ್ಲಾಡಳಿತ ಈಗಲೂ ನಿರ್ಬಂಧ ಹಾಕುತ್ತದೆ. ಹೊರಡುವ ಹಿಂದಿನ ದಿನ ದಾರಿ ಬಿಟ್ಟಿದೆಯೋ ಇಲ್ಲವೋ ಎಂದು ಉಜಿರೆ, ಕೊಟ್ಟಿಗೆಹಾರದ ಕಡೆಯ ಗುರುತಿನವರಲ್ಲಿ ಒಂದು ಫೋನ್ ಮಾಡಿ ಕೇಳಿ. ನಮ್ಮವರಿಗೆ ಘಟ್ಟದ ಮೇಲೆ ಸಂಬಂಧಿಕರಿಗೇನೂ ಬರಗಾಲವಿಲ್ಲ. ಒಣಮೀನು ಹೊತ್ತು ಘಟ್ಟ ಹತ್ತಿದ ಹಿರಿಯರ ಮಕ್ಕಳು, ಮೊಮ್ಮಕ್ಕಳು ಮೂಡಿಗೆರೆ, ಬಾಳೆಹೊನ್ನೂರು, ಕೊಪ್ಪ, ಕಳಸದ ಪೇಟೆಗಳಲ್ಲಿ ಇಂದಿಗೂ ಅಂಗಡಿ ಇಟ್ಟುಕೊಂಡಿದ್ದಾರೆ.

ಸುಬಹಿ ಆದ ಮೇಲೆ ಹೊರಡಿ, ಬಿರಿಯಾನಿ ಬೇಡ. ಹೌದು, ಬೇಡ. ಖಾಲಿ ಹೊಟ್ಟೆಯೂ ಅಲ್ಲ, ಭಾರದ ಊಟವೂ ಅಲ್ಲ. ಒಂದೆರಡು ಪಿಂಡಿಯೋ ದೋಸೆಯೋ ತಿಂದು ಹೊರಟರೆ ತಿರುವುಗಳಲ್ಲಿ ಹೊಟ್ಟೆ ತೊಳಸುವುದು ಕಡಿಮೆ. ವಾಂತಿ ಮಾಡುವ ಮಗುವನ್ನು ಹಿಂದಿನ ಸೀಟಿನ ಮೂಲೆಯಲ್ಲಿ ಕೂರಿಸಿ ಕೈಗೆ ಮೊಬೈಲ್ ಕೊಟ್ಟರೆ ವಾಂತಿ ಗ್ಯಾರಂಟಿ. ಮುಂದಿನ ದಾರಿ ಕಾಣುವ ಹಾಗೆ ಕೂರಿಸಿ, ಕಿಟಕಿ ಸ್ವಲ್ಪ ಇಳಿಸಿ. ಮಾತ್ರೆ ಕೊಡುವುದಾದರೆ ಡಾಕ್ಟರಲ್ಲಿ ಕೇಳಿ, ಘಟ್ಟ ಶುರುವಾಗುವುದಕ್ಕೆ ಅರ್ಧ ಗಂಟೆ ಮೊದಲೇ ಕೊಡಬೇಕು. ವಾಂತಿ ಶುರುವಾದ ಮೇಲೆ ಕೊಟ್ಟು ಪ್ರಯೋಜನವಿಲ್ಲ.

ಉಜಿರೆಯಲ್ಲಿ ಗಾಡಿ ನಿಲ್ಲಿಸಿ ಎಲ್ಲರೂ ಶೌಚಾಲಯಕ್ಕೆ ಹೋಗಿ ಬರಲಿ. ಅಲ್ಲಿಂದ ಮುಂದೆ ಕೊಟ್ಟಿಗೆಹಾರದವರೆಗೆ ಕಾಡು. ಈ ಒಂದು ನಿಲುಗಡೆ ಮೊದಲೇ ಹೇಳಿಟ್ಟರೆ ಮನೆಯ ಹೆಂಗಸರು ಧೈರ್ಯದಿಂದ ನೀರು ಕುಡಿಯುತ್ತಾರೆ. ನಾವು ಪ್ರವಾಸದ ಯೋಜನೆ ಎಂದರೆ ಹೋಟೆಲು, ಡೀಸೆಲು ಎಂದು ಲೆಕ್ಕ ಹಾಕುತ್ತೇವೆ. ಎಲ್ಲೆಲ್ಲಿ ಶೌಚಾಲಯ ಉಂಟು ಎನ್ನುವುದು ಆ ಲೆಕ್ಕದ ಮೊದಲ ಸಾಲಾಗಬೇಕು.

ಅಕ್ಟೋಬರಿನಲ್ಲಿ ಚಾರ್ಮಾಡಿ ನೋಡಬೇಕು. ಮಳೆ ಬಿಟ್ಟಿರುತ್ತದೆ, ಬಂಡೆಯ ಮೇಲಿಂದ ಇಳಿಯುವ ನೀರು ಬಿಟ್ಟಿರುವುದಿಲ್ಲ. ತಿರುವು ತಿರುವಿಗೂ ಒಂದೊಂದು ಝರಿ. ಇಲ್ಲಿಯೇ ನಮ್ಮ ಹುಡುಗರ ಬುದ್ಧಿ ಕೆಡುವುದು. ಆಲೇಖಾನಿನ ಹಾಗಿರುವ ಜಲಪಾತದ ಒದ್ದೆ ಬಂಡೆ ಹತ್ತಿ ರೀಲ್ಸ್ ಮಾಡಲು ಹೋಗಿ ಜಾರಿದವರ ಸುದ್ದಿ ಪ್ರತಿ ಮಳೆಗಾಲದಲ್ಲಿಯೂ ಓದುತ್ತೇವೆ. ಪಾಚಿ ಕಟ್ಟಿದ ಕಲ್ಲು ಸಾಬೂನಿಗಿಂತ ಜಾರುತ್ತದೆ. ಬಂಡೆಯ ಕೆಳಗೆ ನಿಂತು ನೋಡುವುದು ಮಾತ್ರ, ಹತ್ತುವುದಿಲ್ಲ ಎಂದು ಮನೆಯಲ್ಲೇ ಮಾತು ತೆಗೆದುಕೊಂಡು ಹೊರಡಿ. ಗಾಡಿಯನ್ನು ತಿರುವಿನಲ್ಲಿ ನಿಲ್ಲಿಸಬೇಡಿ. ಅಗಲ ಇರುವ ಜಾಗ ಮುಂದೆ ಸಿಕ್ಕೇ ಸಿಗುತ್ತದೆ.

ಆ ನೀರು ನೋಡುವಾಗ ಮಕ್ಕಳಿಗೆ ಒಂದು ಮಾತು ಹೇಳಬಹುದು. ಚಾರ್ಮಾಡಿಯ ಈ ಕಣಿವೆಗಳಲ್ಲಿ ಹುಟ್ಟುವ ಮೃತ್ಯುಂಜಯ ಹೊಳೆ ಕೆಳಗೆ ಹೋಗಿ ನೇತ್ರಾವತಿ ಸೇರುತ್ತದೆ. ಅದೇ ನೇತ್ರಾವತಿಯ ನೀರು ತುಂಬೆಯ ಅಣೆಕಟ್ಟಿನಿಂದ ಮೈಕಾಲದ ಮನೆಮನೆಯ ನಳ್ಳಿಗೆ ಬರುವುದು. ನಾವು ದಿನಕ್ಕೆ ಐದು ಸಲ ವುಳೂ ಮಾಡುವ ನೀರಿನಲ್ಲಿ ಈ ಝರಿಗಳ ಪಾಲೂ ಉಂಟು. ಅಲ್ಲಿ ಎಸೆದ ಪ್ಲೇಟು, ಮಗುವಿನ ಡೈಪರು ಯಾವ ದಾರಿ ಹಿಡಿಯುತ್ತದೆ ಎಂದು ಮತ್ತೆ ವಿವರಿಸಬೇಕಾಗುವುದಿಲ್ಲ.

ಕೊಟ್ಟಿಗೆಹಾರ ತಲುಪಿದರೆ ಚಳಿಗಾಳಿ ಮುಖಕ್ಕೆ ಹೊಡೆಯುತ್ತದೆ. ಅಲ್ಲಿನ ನೀರುದೋಸೆಗೆ ಹೆಸರುಂಟು. ಕೂತು ನಿಧಾನಕ್ಕೆ ತಿನ್ನಿ. ಮೂಡಿಗೆರೆಯ ಕಾಡು, ತೋಟ, ಹಕ್ಕಿ, ಹಾರುವ ಓತಿಯನ್ನು ಕನ್ನಡದವರಿಗೆಲ್ಲ ತೋರಿಸಿಕೊಟ್ಟ ಪೂರ್ಣಚಂದ್ರ ತೇಜಸ್ವಿಯವರ ಹೆಸರಿನ ಪ್ರತಿಷ್ಠಾನವೂ ಕೊಟ್ಟಿಗೆಹಾರದಲ್ಲೇ ಇದೆ. ಕನ್ನಡ ಪಾಠದಲ್ಲಿ ಅವರ ಹೆಸರು ಓದಿದ ಮಕ್ಕಳಿದ್ದರೆ ಒಂದು ಗಂಟೆ ಅಲ್ಲಿ ಕೊಡಬಹುದು. ಆ ದಿನಕ್ಕೆ ಅಷ್ಟೇ ಸಾಕು. ಮಧ್ಯಾಹ್ನದ ನಂತರ ಕೋಣೆ ಸೇರಿ, ಎಲ್ಲರೂ ಮಲಗಿ.

ಕೋಣೆ ಹಿಡಿಯುವ ಮೊದಲು ಫೋನಿನಲ್ಲಿ ಕೇಳಬೇಕಾದ ಮಾತುಗಳಿವೆ. ಹೋಮ್‌ಸ್ಟೇ ಸರ್ಕಾರದಲ್ಲಿ ನೋಂದಣಿಯಾಗಿದೆಯೇ? ಮಾಂಸ ಎಲ್ಲಿಂದ ತರುತ್ತಾರೆ? ಮಲೆನಾಡಿನ ಕೆಲವು ಕಡೆ ಹಂದಿ ಮಾಂಸ ಬೇಯಿಸುವುದು ರೂಢಿ, ಪಾತ್ರೆ ಬೇರೆ ಇದೆಯೇ? ಸಂಕೋಚ ಬೇಡ, ಕೇಳಿದರೆ ಅವರು ಬೇಸರ ಮಾಡಿಕೊಳ್ಳುವುದಿಲ್ಲ. ಬೇಕಾದರೆ ಮೀನು, ಮೊಟ್ಟೆ, ಸೊಪ್ಪುಸಾರು ಮಾಡಿಕೊಡುತ್ತಾರೆ. ಪಕ್ಕದ ಕೋಣೆಯಲ್ಲಿ ರಾತ್ರಿ ಕುಡಿದು ಹಾಡು ಹಾಕುವ ಗುಂಪುಗಳಿಗೂ ಕೊಡುತ್ತಾರೆಯೇ, ಅಥವಾ ಕುಟುಂಬಗಳಿಗೆ ಮಾತ್ರವೇ? ಸ್ನಾನಕ್ಕೆ ಬಿಸಿನೀರು, ಮಂಡಿನೋವಿನ ಉಮ್ಮುಮ್ಮನಿಗೆ ನೆಲಮಟ್ಟದ ಕೋಣೆ, ಕುರ್ಚಿಯಂಥ ಕಮೋಡು. ಕೊನೆಯದು ಮುಖ್ಯ: ಅಡುಗೆ ಅವರದ್ದೇ ಆಗಿರಲಿ. "ಅಡುಗೆಮನೆ ಉಂಟು, ನೀವೇ ಮಾಡಿಕೊಳ್ಳಬಹುದು" ಎಂದರೆ ಹಣ ಉಳಿಯುವುದು ನಿಜ, ಆದರೆ ಉಮ್ಮನಿಗೆ ರಜೆ ಇಲ್ಲ. ಅಡುಗೆಮನೆಯ ಕಿಟಕಿ ಹೊರಗೆ ಮಾವಿನ ಮರದ ಬದಲು ಕಾಫಿ ಗಿಡ, ಅಷ್ಟೇ ವ್ಯತ್ಯಾಸ.

ಜುಮಾದೊಳಗೆ ಗಿರಿ

ಶುಕ್ರವಾರ ಬೆಳಿಗ್ಗೆ ಮುಳ್ಳಯ್ಯನಗಿರಿ. 1,930 ಮೀಟರ್, ಕರ್ನಾಟಕದ ಅತಿ ಎತ್ತರದ ಶಿಖರ. ಗಿರಿಗೆ ಹೋಗುವ ವಾಹನಗಳಿಗೆ ಈಗ ಆನ್‌ಲೈನ್ ಮುಂಗಡ ನೋಂದಣಿ ಇದೆ. ಕೋಣೆ ಹಿಡಿದ ದಿನವೇ ಅದನ್ನೂ ಮಾಡಿಟ್ಟುಕೊಳ್ಳಿ, ಬೆಳಗಿನ ಸರದಿಯನ್ನೇ ಆರಿಸಿ. ನಿಯಮಗಳು ಆಗಾಗ ಬದಲಾಗುತ್ತವೆ, ದೊಡ್ಡ ವ್ಯಾನು, ಟಿಟಿಗಳನ್ನು ಮೇಲೆ ಬಿಡುತ್ತಾರೋ ಎಂಬುದನ್ನೂ ಆಗಲೇ ನೋಡಿ. ಡಿಸೆಂಬರಿನಲ್ಲಿ ಹೋಗುವವರು ದತ್ತ ಜಯಂತಿಯ ದಿನಗಳನ್ನು ಬಿಟ್ಟು ಹೋಗಿ. ಆಗ ಗಿರಿ ಭಾಗಕ್ಕೆ ಪ್ರವಾಸಿಗರ ಪ್ರವೇಶಕ್ಕೆ ನಿರ್ಬಂಧ ಇರುತ್ತದೆ.

ಗಾಡಿ ನಿಲ್ಲುವ ಜಾಗದಿಂದ ಶಿಖರಕ್ಕೆ ನೂರಾರು ಮೆಟ್ಟಿಲು. ಗಾಳಿ ಎಂದರೆ ಗಾಳಿ. ಬುರ್ಖಾ ಹಾಕುವವರಿಗೆ ಒಂದು ಮಾತು: ನೆಲ ಗುಡಿಸುವಷ್ಟು ಉದ್ದದ್ದು ಬೇಡ, ಕಣಕಾಲಿಗೆ ನಿಲ್ಲುವಂಥದ್ದು ಇರಲಿ, ಶಾಲಿಗೆ ನಾಲ್ಕು ಪಿನ್ ಹೆಚ್ಚೇ ಇರಲಿ. ಒದ್ದೆ ಮೆಟ್ಟಿಲ ಮೇಲೆ ಅಂಚು ತುಳಿದು ಬೀಳುವವರೇ ಹೆಚ್ಚು. ಚಪ್ಪಲಿ ಬಿಟ್ಟು ಶೂ ಹಾಕಿ, ಮಕ್ಕಳ ಶಾಲೆಯ ಶೂ ಆದರೂ ಸಾಕು. ಒಳಗೊಂದು ಸ್ವೆಟರ್. ಉಮ್ಮನಿಗೆ "ಮೇಲೆ ಬರ್ತೀರಾ" ಎಂದು ಕೇಳುವುದಕ್ಕಿಂತ "ನಿಧಾನಕ್ಕೆ ಹೋಗುವಾ, ಇಪ್ಪತ್ತು ಮೆಟ್ಟಿಲಿಗೊಮ್ಮೆ ಕೂರುವಾ, ಎರಡು ಗಂಟೆ ಪುರುಸೊತ್ತುಂಟು" ಎಂದು ಹೇಳಿ ನೋಡಿ. ಆ ದಿನ ಬೇರೆ ಜಾಗಕ್ಕೆ ಓಡಲಿಕ್ಕಿಲ್ಲ ಎಂದು ಗೊತ್ತಾದರೆ ಮಂಡಿನೋವಿನವರೂ ಅರ್ಧದವರೆಗೆ ಬರುತ್ತಾರೆ. ಅರ್ಧದಿಂದ ಕಾಣುವುದು ಕೂಡಾ ಕಡಿಮೆ ಏನಲ್ಲ. ಚಿಕ್ಕ ಮಗುವನ್ನು ಉಪ್ಪ ಎತ್ತಿಕೊಳ್ಳಲಿ. ವರ್ಷವಿಡೀ ವಿಡಿಯೋ ಕಾಲಿನಲ್ಲಿ ಮಾತ್ರ ನೋಡಿದ ಮಗು, ಅಷ್ಟು ಭಾರವಾಗುವುದಿಲ್ಲ. ತುದಿಯಲ್ಲಿ ಚಿಕ್ಕದೊಂದು ಗುಡಿ ಇದೆ, ಬರುವ ಭಕ್ತರಿಗೆ ತೊಂದರೆಯಾಗದಂತೆ ಇರಬೇಕು.

ಮಂಜು ಇದ್ದರೆ ಏನೂ ಕಾಣುವುದಿಲ್ಲ ಎಂದು ಬೇಸರಿಸಬೇಡಿ. ಹತ್ತು ನಿಮಿಷ ಕಾದರೆ ಪರದೆ ಎಳೆದ ಹಾಗೆ ಸರಿದು, ಇನ್ನೊಂದು ಕ್ಷಣದಲ್ಲಿ ಮುಚ್ಚಿಕೊಳ್ಳುತ್ತದೆ. ಸರಿದಾಗ ಕಾಣುವ ಗುಡ್ಡಗಳಲ್ಲಿ ಮರವಿಲ್ಲ, ಬರೀ ಹುಲ್ಲು. ನಮ್ಮಲ್ಲಿ ಕೆಲವರು "ಬೋಳು ಗುಡ್ಡ, ಕಾಡೆಲ್ಲ ಕಡಿದುಹಾಕಿದ್ದಾರೆ" ಎನ್ನುವುದುಂಟು. ಹಾಗಲ್ಲ. ಇಷ್ಟು ಎತ್ತರದಲ್ಲಿ ಪಶ್ಚಿಮ ಘಟ್ಟದ ಸ್ವಭಾವವೇ ಹಾಗೆ: ಗುಡ್ಡದ ಮೈಗೆ ಹುಲ್ಲು, ಎರಡು ಗುಡ್ಡ ಸೇರುವ ಮಡಿಕೆಯಲ್ಲಿ ಕುಳ್ಳ ಮರಗಳ ದಟ್ಟ ಕಾಡು. ಅದಕ್ಕೆ ಶೋಲಾ ಎನ್ನುತ್ತಾರೆ. ಮಳೆನೀರನ್ನು ಹುಲ್ಲಿನ ಬೇರು ಹಿಡಿದಿಟ್ಟು ನಿಧಾನಕ್ಕೆ ಬಿಡುತ್ತದೆ, ಶೋಲಾದ ನೆರಳಿನಿಂದ ತೊರೆ ಹೊರಡುತ್ತದೆ. ಬೇಸಿಗೆಯಲ್ಲಿಯೂ ಹೊಳೆಯಲ್ಲಿ ನೀರು ಇರುವುದು ಇದರಿಂದ. 2022ರಲ್ಲಿ ಇಲ್ಲಿ ಕುರಿಂಜಿ ಅರಳಿದಾಗ ಗುಡ್ಡವೇ ನೀಲಿಯಾಗಿತ್ತು; ಜನ ಹೂವಿನ ಮೇಲೆಯೇ ನಡೆದಾಡಿ ಫೋಟೋ ತೆಗೆದರು. ಹುಲ್ಲಿನ ಮೇಲೆ ಜೀಪು ಓಡಿಸುವ, ಕಾಲುದಾರಿ ಬಿಟ್ಟು ಅಡ್ಡ ನುಗ್ಗುವ ಗಮ್ಮತ್ತಿಗೆ ಗುಡ್ಡ ಸವೆಯುತ್ತದೆ. ದಾರಿಯಲ್ಲೇ ನಡೆಯಿರಿ.

ಎದುರಿಗೆ ಕಾಣುವ ಸಾಲು ಬಾಬಾಬುಡನ್‌ಗಿರಿ. ಕುದುರೆಲಾಳದ ಹಾಗೆ ಬಾಗಿದ ಇಡೀ ಶ್ರೇಣಿಗೆ ಚಂದ್ರದ್ರೋಣ ಎಂದೂ ಹೆಸರು. ಹಜ್ ಮುಗಿಸಿ ಬರುವಾಗ ಯೆಮನಿನ ಮೊಖಾದಿಂದ ಬಾಬಾ ಬುಡನ್ ಅವರು ಏಳು ಕಾಫಿ ಬೀಜ ತಂದು 17ನೇ ಶತಮಾನದಲ್ಲಿ ಈ ಗುಡ್ಡದಲ್ಲಿ ಬಿತ್ತಿದರು, ನಮ್ಮ ದೇಶದ ಕಾಫಿಯ ಕತೆ ಶುರುವಾದದ್ದು ಅಲ್ಲಿಂದ ಎನ್ನುವುದು ಎಲ್ಲರೂ ಹೇಳಿಕೊಂಡು ಬಂದ ಪ್ರತೀತಿ. ಮಕ್ಕಳಿಗೆ ಆ ಏಳು ಬೀಜದ ಕತೆ ಅಲ್ಲಿಯೇ ನಿಂತು ಹೇಳಿದರೆ ಮರೆಯುವುದಿಲ್ಲ. ಆ ದಿನವೇ ಬಾಬಾಬುಡನ್‌ಗಿರಿಗೂ ಓಡಿ, ಜೀಪು ಹಿಡಿದು ಝರಿಗೂ ಇಳಿದು ಬರಬೇಕೆಂದಿಲ್ಲ. ಹೋಗಲೇಬೇಕು ಎಂದು ಹುಡುಗರು ಹಠ ಹಿಡಿದರೆ ಜೀಪಿಗೆ ಹತ್ತುವ ಮೊದಲೇ ಹೋಗಿ ಬರುವ ದರ ಮಾತಾಡಿಕೊಳ್ಳಿ.

ಹತ್ತು ಗಂಟೆಗೆ ಇಳಿಯಲು ಶುರು ಮಾಡಿದರೆ ಜುಮಾಕ್ಕೆ ಪೇಟೆಯಲ್ಲಿರಬಹುದು. ಪ್ರಯಾಣದಲ್ಲಿ ಜಂಅ್, ಖಸ್ರ್ ಹೇಗೆ ಎಂಬುದನ್ನು ಹೊರಡುವ ಮೊದಲೇ ನಿಮ್ಮ ಉಸ್ತಾದರಲ್ಲಿ ಕೇಳಿಟ್ಟುಕೊಳ್ಳಿ. ಗಂಡಸರಿಗೆ ದಾರಿಯ ಪ್ರತಿ ಪೇಟೆಯಲ್ಲಿಯೂ ಮಸೀದಿ ಸಿಗುತ್ತದೆ. ಹೆಂಗಸರಿಗೆ ಜಾಗ ಎಲ್ಲೆಡೆ ಇರುವುದಿಲ್ಲ. ಅವರ ನಮಾಝಿಗೆ ಕೋಣೆಗೆ ಮರಳುವ ಹೊತ್ತು ಇಟ್ಟುಕೊಂಡೇ ದಿನವನ್ನು ಕಟ್ಟಬೇಕು. ಇಲ್ಲವಾದರೆ ಗಾಡಿಯಲ್ಲಿ ಒಂದು ಮುಸಲ್ಲ, ನಮಾಝ್ ಕುಪ್ಪಾಯ, ಒಂದು ಕ್ಯಾನ್ ನೀರು ಇರಲಿ.

ಮಧ್ಯಾಹ್ನ ಊಟ, ನಿದ್ದೆ. ಅಸರ್ ಆದ ಮೇಲೆ ಹಿರೇಕೊಳಲೆ ಕೆರೆ. ಪೇಟೆಯಿಂದ ಹತ್ತೇ ಕಿಲೋಮೀಟರ್, ಸುತ್ತ ಗುಡ್ಡ, ಮಧ್ಯೆ ನೀರು. ಹತ್ತುವುದಿಲ್ಲ, ಇಳಿಯುವುದಿಲ್ಲ. ಉಮ್ಮುಮ್ಮನಿಗೆ ಈ ಜಾಗವೇ ಮುಳ್ಳಯ್ಯನಗಿರಿ. ಕೆರೆ ಪೇಟೆಗೆ ಕುಡಿಯುವ ನೀರು ಕೊಡುವಂಥದ್ದು, ಅದರಲ್ಲಿ ಕಾಲು ತೊಳೆಯುವುದು, ಮಕ್ಕಳನ್ನು ಇಳಿಸುವುದು ಬೇಡ. ಫ್ಲಾಸ್ಕಿನಲ್ಲಿ ಸುಲೈಮಾನಿ ಇದ್ದರೆ ಸಾಕು. ಅಲ್ಲಿ ಹೊತ್ತು ಇಳಿಯುವುದನ್ನು ನೋಡಿ ಮಗ್ರಿಬ್‌ಗೆ ಕೋಣೆ ಸೇರಿ. ತೋಟದ ದಾರಿಗಳಲ್ಲಿ ಈಚಿನ ವರ್ಷಗಳಲ್ಲಿ ಆನೆ ಓಡಾಟ ಹೆಚ್ಚು. ಕತ್ತಲಾದ ಮೇಲೆ ಕಾಫಿ ತೋಟದೊಳಗೆ ವಾಕಿಂಗ್, ರಾತ್ರಿ ಡ್ರೈವ್ ಎರಡನ್ನೂ ಸ್ಥಳೀಯರೇ ಮಾಡುವುದಿಲ್ಲ.

ಹುಲಿ ಕಾಣದ ಶನಿವಾರ

ಶನಿವಾರ ಗಿರಿಯ ಕಡೆ ಜಾತ್ರೆ. ನಾವು ಕಾಡಿನ ಕಡೆ ಹೋಗುವಾ. ಪೇಟೆಯಿಂದ ಸುಮಾರು 38 ಕಿ.ಮೀ. ದೂರದ ಮುತ್ತೋಡಿ, ಭದ್ರಾ ಹುಲಿ ಸಂರಕ್ಷಿತ ಪ್ರದೇಶದ ಭಾಗ. ಬೆಳಿಗ್ಗೆ, ಸಂಜೆ ಅರಣ್ಯ ಇಲಾಖೆಯ ಸಫಾರಿ ಇರುತ್ತದೆ. ಸೀಟು, ಸಮಯ ಮೊದಲೇ ಕೇಳಿಕೊಂಡು ಹೋಗಿ. "ಹುಲಿ ಕಾಣ್ತದಾ?" ಎಂದು ಮಕ್ಕಳು ಕೇಳುತ್ತಾರೆ. ಕಾಣುವುದಿಲ್ಲ ಎಂದೇ ಹೇಳಿಟ್ಟುಬಿಡಿ. ಕಾಟಿ ಕಾಣಬಹುದು, ಜಿಂಕೆ ಖಂಡಿತ, ಮರದ ತುದಿಯಲ್ಲಿ ದೊಡ್ಡ ಕೆಂದಳಿಲು, ತಲೆಯ ಮೇಲೆ ರೆಕ್ಕೆ ಬಡಿಯುವ ಸದ್ದು ಬಂದರೆ ಮಂಗಟ್ಟೆ ಹಕ್ಕಿ. ಹುಲಿಗೆಂದೇ ಹೋದವರು ಇದೊಂದನ್ನೂ ನೋಡದೆ ಬೇಸರದಲ್ಲಿ ಬರುತ್ತಾರೆ.

ಈ ಕಾಡಿನೊಳಗೆ ಹಿಂದೆ ಊರುಗಳಿದ್ದವು. 1998ರಲ್ಲಿ ಭದ್ರಾ ಹುಲಿ ಯೋಜನೆಗೆ ಸೇರಿತು. ಅದಾಗಿ ಕೆಲವೇ ವರ್ಷಗಳಲ್ಲಿ ಒಳಗಿನ ಹಳ್ಳಿಗಳ ಕುಟುಂಬಗಳು ಹೊರಗೆ ಜಮೀನು, ಮನೆ ಪಡೆದು ಬಂದು ನೆಲೆಸಿದವು. ಸಫಾರಿಯಲ್ಲಿ ಕಾಣುವ ಬಯಲುಗಳಲ್ಲಿ ಕೆಲವು ಹಾಗೆ ಬಿಟ್ಟುಬಂದ ಗದ್ದೆಗಳು. ಈಗ ಅಲ್ಲಿ ಜಿಂಕೆ ಮೇಯುತ್ತದೆ. ತಲೆಮಾರಿನ ಮನೆ ಬಿಟ್ಟುಬರುವುದು ಎಂತದ್ದೆಂದು ಅಭಿವೃದ್ಧಿಯ ಹೆಸರಲ್ಲಿ ಜಾಗ ಬಿಟ್ಟುಕೊಟ್ಟ ನಮ್ಮ ಕರಾವಳಿಯವರಿಗೂ ಗೊತ್ತು.

ಕಾಡು ಬೇಡ ಎನ್ನುವ ಮನೆಯವರಿಗೆ ಕೆಮ್ಮಣ್ಣುಗುಂಡಿ ಉಂಟು, ಸುಮಾರು 55 ಕಿ.ಮೀ. ನಾಲ್ವಡಿ ಕೃಷ್ಣರಾಜ ಒಡೆಯರ ಬೇಸಿಗೆ ಬಿಡಾರವಾಗಿದ್ದ ಜಾಗ, ಈಗ ತೋಟಗಾರಿಕೆ ಇಲಾಖೆಯದ್ದು. ಹೂದೋಟದಲ್ಲಿ ಹಿರಿಯರು ಕೂರಬಹುದು. ಹೆಬ್ಬೆ ಜಲಪಾತಕ್ಕೆ ಜೀಪಿನಲ್ಲಿ ಹೋಗಿ ಮತ್ತೆ ನಡೆಯಬೇಕು, ಇಂಬಳ ಇರುತ್ತದೆ. ಮಳೆ ಬಿಟ್ಟ ಹೊಸತರಲ್ಲಿ ಇಂಬಳ ಎಲ್ಲಿಯೂ ಸಿಗಬಹುದು. ಕಾಲುಚೀಲವನ್ನು ಉಪ್ಪುನೀರಿನಲ್ಲಿ ಅದ್ದಿ ಒಣಗಿಸಿ ಹಾಕಿ; ಹತ್ತಿದರೆ ಎಳೆದು ಕಿತ್ತುಹಾಕದೆ ಸ್ವಲ್ಪ ಉಪ್ಪು ಹಾಕಿದರೆ ತಾನೇ ಬೀಳುತ್ತದೆ. ರಕ್ತ ಸ್ವಲ್ಪ ಹೊತ್ತು ನಿಲ್ಲುವುದಿಲ್ಲ, ಹೆದರಲಿಕ್ಕಿಲ್ಲ. ಹೇಳದೆ ಕರೆದುಕೊಂಡು ಹೋದರೆ ಮಾತ್ರ ಬೊಬ್ಬೆಯೋ ಬೊಬ್ಬೆ.

ಊಟ ಕಟ್ಟಿಕೊಂಡು ಹೋಗುವುದಾದರೆ ಮನೆಯ ಸ್ಟೀಲ್ ತಟ್ಟೆಗಳನ್ನೇ ಒಯ್ಯಿರಿ. ಉಳಿದ ಮೂಳೆ, ಅನ್ನ "ಪ್ರಾಣಿ ತಿನ್ನಲಿ" ಎಂದು ಕಾಡಿನಲ್ಲಿ ಸುರಿಯುವುದನ್ನು ನಮ್ಮವರು ಪುಣ್ಯದ ಕೆಲಸ ಎಂದುಕೊಂಡಿದ್ದಾರೆ. ಆ ರುಚಿ ಹತ್ತಿದ ಮಂಗ ಮಾರನೆಯ ದಿನ ಯಾವುದೋ ಮಗುವಿನ ಕೈಯಿಂದ ಚೀಲ ಕಿತ್ತುಕೊಳ್ಳುತ್ತದೆ, ರಸ್ತೆಗಿಳಿದು ಗಾಡಿಯಡಿ ಬೀಳುತ್ತದೆ. ಒಂದು ಬಕೆಟ್, ಅದಕ್ಕೊಂದು ಮುಚ್ಚಳ. ಎಲ್ಲ ಅದರಲ್ಲಿ ಹಾಕಿ ಪೇಟೆಗೆ ತನ್ನಿ.

ನಳ್ಳಿನೀರಿನ ಊರು

ಭಾನುವಾರ ಬಂದ ದಾರಿಯಲ್ಲೇ ಇಳಿದರೆ ಬೇಗ ಮನೆ. ಗಾಡಿ ಓಡಿಸುವವರಿಗೆ ಸುಸ್ತಿದ್ದರೆ ಅದೇ ಸರಿ. ಇಲ್ಲವಾದರೆ ಆಲ್ದೂರು, ಬಾಳೆಹೊನ್ನೂರು, ಕಳಸ, ಕುದುರೆಮುಖ ಆಗಿ ಕಾರ್ಕಳಕ್ಕೆ ಇಳಿಯಿರಿ. ಉದ್ದದ ದಾರಿ, ಊಟ ನಮಾಝ್ ಸೇರಿ ಇಡೀ ದಿನ ಬೇಕು. ಏಳು ಗಂಟೆಗೇ ಹೊರಡಬೇಕು. ಬಾಳೆಹೊನ್ನೂರಿನ ಹತ್ತಿರ 1925ರಲ್ಲಿ ಶುರುವಾದ ಕಾಫಿ ಸಂಶೋಧನಾ ಕೇಂದ್ರ ಇದೆ. ಭದ್ರಾ ನದಿ ಪೇಟೆಯ ಪಕ್ಕದಲ್ಲೇ ಹರಿಯುತ್ತದೆ.

ಕುದುರೆಮುಖ ರಾಷ್ಟ್ರೀಯ ಉದ್ಯಾನದೊಳಗೆ ದಾರಿ ಹೋಗುವುದರಿಂದ ಚೆಕ್‌ಪೋಸ್ಟಿನಲ್ಲಿ ಸಮಯ ಬರೆದ ಚೀಟಿ ಕೊಡುತ್ತಾರೆ. ಒಳಗೆ ಗಾಡಿ ನಿಲ್ಲಿಸಿ ಊಟ ಮಾಡುವಂತಿಲ್ಲ. ಹಾಗಾಗಿ ಕಳಸದಲ್ಲಿಯೇ ಊಟ, ಳುಹರ್, ಶೌಚಾಲಯ ಎಲ್ಲ ಮುಗಿಸಿ, ಹಗಲಿರುವಾಗಲೇ ಕಾಡು ದಾಟಿ. ಕಿಟಕಿಯಿಂದಲೇ ನೋಡಬೇಕು, ಆದರೆ ನೋಡಲಿಕ್ಕೆ ಬೇಕಾದಷ್ಟುಂಟು. ಇಲ್ಲಿನ ಮರಗಳಲ್ಲಿ ಸಿಂಗಳೀಕ ಇದೆ, ಪಶ್ಚಿಮ ಘಟ್ಟ ಬಿಟ್ಟರೆ ಲೋಕದಲ್ಲಿ ಬೇರೆಲ್ಲೂ ಇಲ್ಲದ ಕೋತಿ. 2012ರಲ್ಲಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ ಪಶ್ಚಿಮ ಘಟ್ಟದ ಕಾಡುಗಳಲ್ಲಿ ಇದೂ ಒಂದು.

ಹಿರಿಯರಿಗೆ ಈ ದಾರಿ ಇನ್ನೊಂದು ಕಾರಣಕ್ಕೆ ನೆನಪಿರುತ್ತದೆ. ಇಲ್ಲಿನ ಗುಡ್ಡ ಅಗೆದ ಕಬ್ಬಿಣದ ಅದಿರು ನೀರಿನ ಜೊತೆ ಪೈಪಿನಲ್ಲಿ ಸುಮಾರು 67 ಕಿ.ಮೀ. ಇಳಿದು ನಮ್ಮ ಪಣಂಬೂರಿಗೆ ಬರುತ್ತಿತ್ತು. ಕರಾವಳಿಯ ಎಷ್ಟೋ ಮನೆಗಳಿಗೆ ಅದು ಅನ್ನ ಕೊಟ್ಟಿದೆ. ಸುಪ್ರೀಂ ಕೋರ್ಟಿನ ಆದೇಶದಂತೆ 2005ರ ಕೊನೆಗೆ ಗಣಿಗಾರಿಕೆ ನಿಂತಿತು. ಖಾಲಿ ಕ್ವಾರ್ಟರ್ಸುಗಳ ಊರು ದಾರಿಯಲ್ಲಿ ಸಿಗುತ್ತದೆ. ಆ ಕಂಪೆನಿಯಲ್ಲಿ ದುಡಿದ ಬೆಲಿಯುಪ್ಪನೋ ನೆರೆಮನೆಯವರೋ ಇದ್ದರೆ, ಅವರ ಮಾತನ್ನು ಕೇಳುತ್ತಾ ಈ ದಾರಿ ಇಳಿಯುವುದು ಗೂಗಲ್ ಮ್ಯಾಪಿಗಿಂತ ಒಳ್ಳೆಯದು.

ಈ ಗುಡ್ಡಸಾಲಿನ ಒಂದು ಮಗ್ಗುಲಿಗೆ ಬಿದ್ದ ಮಳೆ ಭದ್ರೆಯಾಗಿ, ತುಂಗಭದ್ರೆಯಾಗಿ, ಕೃಷ್ಣೆಯ ಜೊತೆ ಬಂಗಾಳ ಕೊಲ್ಲಿಗೆ ಹೋಗುತ್ತದೆ. ಇನ್ನೊಂದು ಮಗ್ಗುಲಿನದ್ದು ನೇತ್ರಾವತಿಯಾಗಿ ಉಳ್ಳಾಲದ ಅಳಿವೆಬಾಗಿಲಿಗೆ. ಗುರುವಾರ ಚಾರ್ಮಾಡಿಯಲ್ಲಿ ಕೈಯೊಡ್ಡಿ ಹಿಡಿದ ನೀರಿನ ಹುಟ್ಟೂರು ಇದೇ ಸಾಲು. ಹಿಂದಿನ ಸೀಟಿನ ಮಕ್ಕಳು ಆಗ ಎದ್ದಿದ್ದರೆ ಹೇಳಿ, ಮಲಗಿದ್ದರೆ ಮಲಗಲಿ.

ಮಾಳ ಇಳಿದು ಬಜಗೋಳಿ ಬಂದರೆ ಪುನಃ ಸೆಕೆ, ಸ್ವೆಟರ್ ಬಿಚ್ಚುವ ಗಲಾಟೆ. ಕಾರ್ಕಳದಲ್ಲೋ ಮೂಡುಬಿದಿರೆಯಲ್ಲೋ ರಾತ್ರಿಯ ಊಟ ಮುಗಿಸಿಯೇ ಮನೆಯ ದಾರಿ ಹಿಡಿಯಿರಿ. ಬಾಗಿಲು ತೆರೆದ ಕೂಡಲೇ ಉಮ್ಮ ಅಕ್ಕಿ ತೊಳೆಯಲು ಓಡುವಂತಾಗಬಾರದು. ನಾಲ್ಕು ದಿನದ ಬಟ್ಟೆಯ ರಾಶಿಯನ್ನು ಮಾರನೆಯ ದಿನ ಮಕ್ಕಳೂ ಉಪ್ಪನೂ ಸೇರಿ ಮೆಷಿನಿಗೆ ಹಾಕಲಿ. ಕಾಲುಚೀಲಗಳನ್ನು ಮಾತ್ರ ಒಳಗೆ ತರುವ ಮೊದಲು ಅಂಗಳದಲ್ಲೇ ಕೊಡವಿ, ಘಟ್ಟದ ಇಂಬಳ ಒಂದೆರಡು ಅದರಲ್ಲೇ ಕೂತು ಬಂದಿರಬಹುದು.